ಕಾಂಟ್ರಾ: ಜಪಾನಿನದೋ, ಅಮೆರಿಕದ್ದೋ, ಯುರೋಪಿನದೋ?

ಮುಂಬೈ ಕಡೆಯ ಮಾಟುಂಗಾ, ಡೊಂಬಿವಲಿಯ ನಮ್ಮ ಕನ್ನಡಿಗರ ಮನೆಗಳಲ್ಲಿ ಅಟ್ಟದ ಮೇಲಿನ ವಿಡಿಯೋ ಗೇಮ್ ಕೆಳಗಿಳಿದರೆ ಮೊದಲು ಹುಡುಕುವುದು ಕಾಂಟ್ರಾ ಕ್ಯಾಸೆಟ್. ಕೊನಾಮಿ ಕಂಪನಿಯ ಈ ಗುಂಡಿನ ಆಟಕ್ಕೆ ನಿಂಟೆಂಡೊ ಕಂಪನಿಯ ಮನೆ ಯಂತ್ರಗಳಲ್ಲಿ ಮೂರು ರೂಪ. ಮೂರನ್ನೂ ಆಡಿ ನೋಡಿದರೆ 1988ರ ಜಪಾನಿನ ಫ್ಯಾಮಿಕಾಮ್ (ನಿಂಟೆಂಡೊ ಯಂತ್ರದ ಅಲ್ಲಿನ ಹೆಸರು) ರೂಪವೇ ಮೇಲು.

ಗುರುತಿಸಲು ಮೊದಲ ಕಾಡಿನ ಹಂತ ಸಾಕು. ಮರದ ಗರಿ ತೂಗಿದರೆ ಜಪಾನಿನದು, ಅಲ್ಲಾಡದಿದ್ದರೆ ಅಮೆರಿಕದ್ದು, ಆಟದ ಸೈನಿಕರಾದ ಬಿಲ್ ಮತ್ತು ಲ್ಯಾನ್ಸ್ ಬದಲು ರೋಬೋಟ್‌ಗಳು ಓಡಿದರೆ ಯುರೋಪಿನ ಪ್ರೊಬೊಟೆಕ್ಟರ್. ಜಪಾನಿನದರಲ್ಲಿ ಐದನೇ ಹಂತದಲ್ಲಿ ಹಿಮಗಾಳಿ ಬೀಸುತ್ತದೆ, ಹಂತಗಳ ನಡುವೆ ನಕ್ಷೆ, ಕಥೆಯ ದೃಶ್ಯಗಳು ಬರುತ್ತವೆ. ಅಲ್ಲಿ ಕೊನಾಮಿ ಕ್ಯಾಸೆಟ್ಟಿನೊಳಗೆ ತನ್ನದೇ ವಿಆರ್‌ಸಿ2 ಚಿಪ್ ಹಾಕಿತ್ತು. ಚಿತ್ರಗಳಿಗೇ ಬೇರೆ ಮೆಮೊರಿ ಇದ್ದದ್ದರಿಂದ ಹಿನ್ನೆಲೆಯನ್ನು ಥಟ್ಟನೆ ಬದಲಿಸಬಹುದಿತ್ತು. ಅಮೆರಿಕದಲ್ಲಿ ಕ್ಯಾಸೆಟ್ಟಿಗೆ ನಿಂಟೆಂಡೊದ ಸರ್ಕಿಟ್ ಬೋರ್ಡೇ ಗತಿ. ಅದರಲ್ಲಿ ಚಿತ್ರಗಳನ್ನು 8 ಕಿಲೋಬೈಟ್ ರ್‍ಯಾಮ್‌ಗೆ ನಕಲು ಮಾಡಬೇಕು, ಅದಕ್ಕೆ ಸಿಗುವುದು ಎರಡು ಫ್ರೇಮ್‌ಗಳ ನಡುವಿನ ಚೂರು ಬಿಡುವು.

ಹಾಗಂತ ಅಮೆರಿಕದ್ದನ್ನು ಎಸೆಯಬೇಡಿ. ಎಂಟು ಹಂತ, ಬಾಸ್‌ಗಳು, ಎಸ್ ಗನ್‌ನ ಐದು ಕವಲಿನ ಗುಂಡು, ಎಲ್ಲ ಅದೇ. ಮೂರನೇ ಹಂತದ ಜಲಪಾತದಲ್ಲಿ ಒಬ್ಬ ಅವಸರದಿಂದ ಮೇಲೇರಿದರೆ ಸ್ಕ್ರೀನ್ ಸರಿದು ಕೆಳಗಿದ್ದವನ ಲೈಫ್ ಹೋಗುತ್ತದೆ. ಜತೆಗಾರನನ್ನು ಗಮನಿಸುತ್ತಲೇ ಆಡಬೇಕಾದ ಈ ಕಟ್ಟುಪಾಡೇ ಇಷ್ಟು ವರ್ಷ ಕಾಂಟ್ರಾವನ್ನು ಉಳಿಸಿದೆ. 30 ಲೈಫ್‌ನ ಕೋಡ್ (ಆಟದ ಆರಂಭದಲ್ಲಿ ಒತ್ತುವ ಬಟನ್‌ಗಳ ಸರಣಿ) ಹಾಕುವಾಗ ಕೊನೆಯ ಬಿ, ಎ ಆದ ಮೇಲೆಯೇ ಸೆಲೆಕ್ಟ್ ಒತ್ತಿ ಇಬ್ಬರ ಆಟ ಆರಿಸಿ, ಆಮೇಲೆ ಸ್ಟಾರ್ಟ್.

ಪ್ರೊಬೊಟೆಕ್ಟರ್ ಸಂಗ್ರಹಕ್ಕೆ ಸರಿ, ಆಟಕ್ಕಲ್ಲ. ಜರ್ಮನಿಯ ಹಿಂಸೆ ವಿರೋಧಿ ಕಟ್ಟಳೆಗಳಿಗೆ ಅಂಜಿ ಮನುಷ್ಯರನ್ನು ರೋಬೋಟ್ ಮಾಡಿದ್ದು ಸಹಿಸಬಹುದು. ಆದರೆ ಸೆಕೆಂಡಿಗೆ 60ರ ಬದಲು 50 ಫ್ರೇಮ್ ಓಡುವುದರಿಂದ ಜಿಗಿತ ಭಾರ ಎನಿಸುತ್ತದೆ.

ಪಾಲ್ (PAL) ಟಿವಿ ಪದ್ಧತಿಗೆ ಮಾಡಿದ ನಮ್ಮ ವಿಡಿಯೋ ಗೇಮ್ ಸೆಟ್‌ಗಳಲ್ಲೂ ಇದೇ ತೊಡಕು: ಜಪಾನಿನ ಕ್ಯಾಸೆಟ್ ಹಾಕಿದರೂ ಓಟ 50ಕ್ಕೇ ಇಳಿಯುತ್ತದೆ. ಸ್ವರ ಹೆಚ್ಚೇನೂ ತಗ್ಗುವುದಿಲ್ಲ, ಲಯ ಮಾತ್ರ ಎಳೆಯುತ್ತದೆ. ಅಸಲಿ ವೇಗ ಬೇಕಾದರೆ 2019ರ ಕಾಂಟ್ರಾ ಆನಿವರ್ಸರಿ ಕಲೆಕ್ಷನ್ ಕೊಳ್ಳಿ, ಜಪಾನ್ ಮತ್ತು ಅಮೆರಿಕದ ರೂಪ ಎರಡೂ ಅದರಲ್ಲಿವೆ. ಫ್ಯಾಮಿಕಾಮ್ ತರಿಸುವವರು 1993ರ ಎವಿ ಮಾದರಿಯನ್ನೇ ಆರಿಸಿ, ಹಳೆಯದರ ಆಂಟೆನಾ ಸಿಗ್ನಲ್ ಇಲ್ಲಿನ ಟಿವಿಗೆ ಒಗ್ಗದು. ಫ್ಯಾಮಿಕಾಮ್ ಅಡಾಪ್ಟರ್ 100 ವೋಲ್ಟಿನದು, ಇಲ್ಲಿನ 230ಕ್ಕೆ ಚುಚ್ಚಿದರೆ ಸುಟ್ಟುಹೋಗುತ್ತದೆ.

ಕ್ಯಾಸೆಟ್ ಕೊಳ್ಳುವಾಗ ಪಿನ್ ಎಣಿಸಿ: ಫ್ಯಾಮಿಕಾಮ್‌ನದು 60, ಅಮೆರಿಕದ್ದು 72, ಕನ್ವರ್ಟರ್ ಇಲ್ಲದೆ ಕೂರದು. ಮುಂಬೈ, ಗೋವಾದ ಉಪ್ಪುಗಾಳಿಗೆ ಪಿನ್ ಹಸಿರುಗಟ್ಟುತ್ತದೆ. ಊದಿದರೆ ಬಾಯಿಯ ತೇವ ಸೇರಿ ಇನ್ನೂ ಕೆಡುತ್ತದೆ. ಹತ್ತಿಗೆ ಐಸೊಪ್ರೊಪೈಲ್ ಆಲ್ಕೊಹಾಲ್ ಹಚ್ಚಿ ಒರೆಸಿ, ಪೂರ್ತಿ ಒಣಗಿದ ಮೇಲೆ ಹಾಕಿ.