ಅಜ್ಜಿಯ ಮಾತು ಬರೆದಿಡೋಕೆ ಈಲಾನ್
ನಮ್ಮದು ವಿಜಯಪುರದ ಹತ್ತಿರದ ತಾಂಡಾ. ನಮ್ಮ ಲಂಬಾಣಿ ಭಾಷೆಗೆ ಸ್ವಂತ ಲಿಪಿ ಇಲ್ಲ. ಅಜ್ಜಿಯ ಹಾಡು, ಕತೆ ಎಲ್ಲ ಬಾಯಲ್ಲೇ ಇವೆ. ಅವನ್ನು ಬರೆದಿಡೋಕೆ ಆರು ತಿಂಗಳಿಂದ ಈಲಾನ್ ಬಳಸುತ್ತಿದ್ದೇನೆ. ನೆದರ್‌ಲ್ಯಾಂಡ್ಸ್‌ನ ಮ್ಯಾಕ್ಸ್ ಪ್ಲಾಂಕ್ ಸಂಸ್ಥೆ ಮಾಡಿದ ಸಾಫ್ಟ್‌ವೇರ್, ಪೂರ್ತಿ ಉಚಿತ. ಅಳಿವಿನಂಚಿನ ಭಾಷೆಗಳನ್ನು ದಾಖಲಿಸುವ ಹಲವು ಭಾಷಾತಜ್ಞರು ಬಳಸೋದೂ ಇದನ್ನೇ.

ತೆರೆಯ ಮೇಲೆ ರೆಕಾರ್ಡ್ ಮಾಡಿದ ದನಿಯ ಅಲೆ ಕಾಣುತ್ತದೆ. ಬೇಕಾದ ತುಣುಕು ಆರಿಸಿ ಒಂದು ಸಾಲಿನಲ್ಲಿ ಅಜ್ಜಿ ಅಂದದ್ದು, ಕೆಳಗಿನ ಸಾಲಿನಲ್ಲಿ ಕನ್ನಡ ಅರ್ಥ ಬರೆಯಬಹುದು. ಮೇಲೆ ‘ಯಾಡಿ’, ಕೆಳಗೆ ‘ಅವ್ವ’. ಆ ತುಣುಕು ಆರಿಸಿ ಪ್ಲೇ ಒತ್ತಿದರೆ ಸಾಕು, ಅಜ್ಜಿ ಅಷ್ಟನ್ನೇ ಮತ್ತೆ ಹೇಳುತ್ತಾಳೆ. ಎಷ್ಟು ಸಲ ಕೇಳಿದರೂ ಖುಷಿ!

ಮೆನು ಇಂಗ್ಲಿಷ್‌ನಲ್ಲಿದೆ, ಕಲಿಯೋಕೆ ಎರಡು ವಾರ ಹಿಡಿಯಿತು. ಒಂದು ನಿಮಿಷದ ಮಾತು ಬರೆಯೋಕೆ ನನಗೆ ಮುಕ್ಕಾಲು ಗಂಟೆ ಬೇಕು. ರೆಕಾರ್ಡ್ ಮಾಡುವಾಗ ಫ್ಯಾನ್ ಆಫ್ ಮಾಡಿ, ಆಮೇಲೆ ಆ ಗುಂಯ್ ಸದ್ದಲ್ಲಿ ಮಾತು ಹುಡುಕೋದು ಕಷ್ಟ.