ಹನ್ನೆರಡು ಜನ, ಒಂದು ಕೋಣೆ, ಮೂರು ಸಿನಿಮಾ

ರೆಜಿನಾಲ್ಡ್ ರೋಸ್ ಬರೆದ ಕಥೆ ಮೂರರಲ್ಲೂ ಒಂದೇ: ತಂದೆಯನ್ನು ಕೊಂದ ಆರೋಪ ಹೊತ್ತ ಹುಡುಗ, ಬಾಗಿಲು ಹಾಕಿದ ಕೋಣೆಯಲ್ಲಿ ಹನ್ನೆರಡು ಜ್ಯೂರಿ ಸದಸ್ಯರು (ತಪ್ಪಿತಸ್ಥನೋ ಅಲ್ಲವೋ ಎಂದು ತೀರ್ಮಾನಿಸುವ ಸಾಮಾನ್ಯ ನಾಗರಿಕರು), ಮೊದಲ ಮತ 11–1: ಹನ್ನೊಂದು ಜನ ತಪ್ಪಿತಸ್ಥ ಎನ್ನುತ್ತಾರೆ, ಒಬ್ಬ ಒಪ್ಪುವುದಿಲ್ಲ. ಸಿಡ್ನಿ ಲುಮೆಟ್ ಅವರ ‘12 ಆಂಗ್ರಿ ಮೆನ್’ (1957), ಬಾಸು ಚಟರ್ಜಿಯವರ ‘ಏಕ್ ರುಕಾ ಹುವಾ ಫೈಸ್ಲಾ’ (1986), ವಿಲಿಯಂ ಫ್ರೀಡ್ಕಿನ್ ಟೀವಿಗಾಗಿ ಮಾಡಿದ ಚಿತ್ರ (1997). ಬೆನ್ನುಬೆನ್ನಿಗೆ ನೋಡಿದರೆ ವ್ಯತ್ಯಾಸ ಕಾಣುವುದು ಮಾತಿನಲ್ಲಿ ಅಲ್ಲ, ಕೋಣೆಯಲ್ಲಿ.

ಲುಮೆಟ್ ಮತ್ತು ಛಾಯಾಗ್ರಾಹಕ ಬೋರಿಸ್ ಕಾಫ್‌ಮನ್ ಆ ಕೋಣೆಯನ್ನು ಲೆಕ್ಕ ಹಾಕಿ ಕುಗ್ಗಿಸಿದ್ದಾರೆ. ಮೊದಲ ಮೂರನೇ ಒಂದು ಭಾಗದಲ್ಲಿ ಕ್ಯಾಮೆರಾ ಕಣ್ಣಿನ ಮಟ್ಟಕ್ಕಿಂತ ಮೇಲೆ, ನಡುವೆ ಸಮಕ್ಕೆ, ಕೊನೆಗೆ ಕೆಳಗೆ. ಜೊತೆಗೆ ಲೆನ್ಸಿನ ಫೋಕಲ್ ಲೆಂಗ್ತ್ ಹೆಚ್ಚುತ್ತಾ, ಹಿಂದಿರುವುದನ್ನು ಹತ್ತಿರ ಎಳೆಯುತ್ತಾ ಹೋಗುತ್ತದೆ. ಹಾಗಾಗಿ ಹಿಂದಿನ ಗೋಡೆ ತಲೆಗಳಿಗೆ ಅಂಟಿದಂತೆ ಕಾಣುತ್ತದೆ, ಶುರುವಿನಲ್ಲಿ ಇಲ್ಲದ ಸೂರು ಕೊನೆಯಲ್ಲಿ ಚೌಕಟ್ಟಿಗೆ ಬರುತ್ತದೆ. ಪರೀಕ್ಷಿಸಬೇಕೆಂದರೆ ಹತ್ತನೇ ನಿಮಿಷದಲ್ಲೊಮ್ಮೆ, ಎಂಬತ್ತೈದರಲ್ಲೊಮ್ಮೆ ಚಿತ್ರ ನಿಲ್ಲಿಸಿ ಸೂರನ್ನು ಹುಡುಕಿ. ಮುಗಿದು ಹೊರಗೆ ಮೆಟ್ಟಿಲಿಗೆ ಬಂದಾಗ ಹೆಚ್ಚು ಜಾಗ ತೋರಿಸುವ ವೈಡ್ ಲೆನ್ಸ್, ಉಸಿರು ಬಿಟ್ಟಂತಾಗುತ್ತದೆ.

ಲುಮೆಟ್‌ರ ಚಾಕುವಿನ ದೃಶ್ಯ ನೋಡಿ. ಕೊಲೆಯ ಚಾಕುವಿನಂಥದ್ದು ಇನ್ನೊಂದಿಲ್ಲ ಎಂಬುದು ಉಳಿದವರ ನಂಬಿಕೆ. ಸಾಕ್ಷ್ಯದ ಚಾಕು ಆಗಲೇ ಮೇಜಿಗೆ ನಾಟಿ ನಿಂತಿದೆ. ಒಪ್ಪದ ಆ ಒಬ್ಬ ಸದಸ್ಯನ ಪಾತ್ರದ ಹೆನ್ರಿ ಫೋಂಡಾ ಜೇಬಿನಿಂದ ಅದೇ ಥರದ್ದನ್ನು ತೆಗೆದು ಪಕ್ಕದಲ್ಲೇ ಚುಚ್ಚುತ್ತಾರೆ. ವಾದ ಬೇಕಿಲ್ಲ, ಎರಡು ಹಿಡಿಕೆ ಸಾಕು.

ಫ್ರೀಡ್ಕಿನ್ ಚಿತ್ರ ಕಲರ್, 117 ನಿಮಿಷ, ಲುಮೆಟ್‌ದು 96. ಫ್ರೀಡ್ಕಿನ್ ಚಿತ್ರದಲ್ಲಿ ಕ್ಯಾಮೆರಾ ಮೊದಲಿನಿಂದಲೇ ಓಡಾಡುತ್ತದೆ. ಆರಂಭದಲ್ಲೇ ಅಷ್ಟು ತಳಮಳ ಇಟ್ಟುಬಿಟ್ಟರೆ ಕೊನೆಗೆ ಏರಿಸಲು ಏನೂ ಉಳಿಯುವುದಿಲ್ಲ. ಆದರೆ ಪಾತ್ರವರ್ಗ ದಿಟ್ಟತನದ್ದು: ಜನಾಂಗದ್ವೇಷ ಕಾರುವ ಹತ್ತನೇ ಸದಸ್ಯ ಇಲ್ಲಿ ಕಪ್ಪು ವರ್ಣೀಯ, ನಟ ಮೈಕೆಲ್ಟಿ ವಿಲಿಯಮ್ಸನ್. ದ್ವೇಷ ಬಿಳಿಯರ ಆಸ್ತಿಯಷ್ಟೇ ಅಲ್ಲ ಎಂಬ ಈ ಒಂದು ಬದಲಾವಣೆಗಾಗಿಯೇ ಚಿತ್ರ ನೋಡಬೇಕು.

ಹಿಂದಿ ಚಿತ್ರಕ್ಕೆ ಬುಡದಲ್ಲೇ ಒಂದು ತೊಡಕಿದೆ. ಭಾರತದ 1973ರ ದಂಡ ಪ್ರಕ್ರಿಯಾ ಸಂಹಿತೆಯಲ್ಲಿ ಜ್ಯೂರಿ ಪದ್ಧತಿಯೇ ಇರಲಿಲ್ಲ, ಚಿತ್ರ 1986ರದ್ದು. ಅದನ್ನು ಒಪ್ಪಿಕೊಂಡು ಕೂತರೆ ಪಂಕಜ್ ಕಪೂರ್ ಹಿಡಿದು ಕೂರಿಸುತ್ತಾರೆ. ಮೂರನೇ ಸದಸ್ಯನಾಗಿ ಲುಮೆಟ್ ಚಿತ್ರದಲ್ಲಿ ಲೀ ಜೆ. ಕಾಬ್ ಗುಡುಗುತ್ತಾರೆ; ಅದೇ ಪಾತ್ರದಲ್ಲಿ ಪಂಕಜ್ ಕಪೂರ್ ಮಾತ್ರ ಒಳಗೇ ಕೊಳೆತದ್ದನ್ನು ಸ್ವಲ್ಪಸ್ವಲ್ಪವಾಗಿ ಹೊರಹಾಕುತ್ತಾರೆ. ನನ್ನ ಮಟ್ಟಿಗೆ ನಟನೆಯಲ್ಲಿ ಇದೇ ಮೇಲು. ಚಿತ್ರಕಟ್ಟುವಿಕೆ ಮಾತ್ರ ರಂಗಭೂಮಿಯನ್ನು ಬಿಟ್ಟು ಹೆಚ್ಚು ದೂರ ಹೋಗುವುದಿಲ್ಲ.

ಲುಮೆಟ್ ಚಿತ್ರದ ಫ್ಯಾನನ್ನೂ ಗಮನಿಸಿ. ಮೊದಲರ್ಧ ಅದು ತಿರುಗುವುದೇ ಇಲ್ಲ, ಹೆಚ್ಚಿನವರ ಅಂಗಿ ಬೆವರಿನಲ್ಲಿ ಒದ್ದೆ. ಮಳೆ ಬಂದು ಕತ್ತಲಾದಾಗ ಯಾರೋ ದೀಪ ಹಾಕುತ್ತಾರೆ. ಫ್ಯಾನಿನ ತಂತಿ ಇದ್ದದ್ದು ಆ ಸ್ವಿಚ್ಚಿಗೇ.