ಎಡಕ್ಕೆ ತಿರುಗದ ಸ್ಕೇಟ್ಸ್, ಒಂದು ಸಾಣೆ ಅಂಗಡಿ

ಮೊದಲೇ ಹೇಳಿಬಿಡುತ್ತೇನೆ, ಐಸ್ ಹಾಕಿಯ ಸ್ಕೇಟ್ಸಿಗೆ, ಅಂದರೆ ತಳಕ್ಕೆ ಉಕ್ಕಿನ ಅಲಗು ಕೂರಿಸಿದ ಬೂಟುಗಳಿಗೆ, ಸಾಣೆ ಹಿಡಿಯುವ ಈ ಅಂಗಡಿಯ ಹೆಸರನ್ನು ಬರೆಯುವುದಿಲ್ಲ. ಬರೆಯಕೂಡದೆಂದು ಒಡತಿಯೇ ಹೇಳಿದ್ದಾರೆ. ಶನಿವಾರ ಬೆಳಿಗ್ಗೆ ಈಗಲೇ ಬಾಗಿಲಾಚೆಗೂ ಜನ ನಿಂತಿರುತ್ತಾರೆ, ಇನ್ನೂ ನಾಲ್ಕು ಮಂದಿ ಬಂದರೆ ಅವಸರ ಮಾಡಬೇಕಾಗುತ್ತದೆ, ಅವಸರ ಮಾಡಿದರೆ ಕೆಲಸ ಕೆಡುತ್ತದೆ ಎಂಬುದು ಅವರ ವಾದ. ಹೆಸರಿಲ್ಲದ ಅಂಗಡಿಯ ವಿಮರ್ಶೆ ಯಾರಿಗೆ ಬೇಕು ಎಂದು ಕೇಳಿದರೆ, ಟೊರೊಂಟೊದಲ್ಲಿ ಮಗಳನ್ನು ಐಸ್ ಹಾಕಿಗೆ ಸೇರಿಸಿ, ಮುಂದೇನೆಂದು ತೋಚದೆ ಕೂತಿರುವ ಕನ್ನಡದ ತಂದೆತಾಯಿಗಳಿಗೆ ಬೇಕು. ಅಂಗಡಿ ಡಾನ್ ಮಿಲ್ಸ್ ರಸ್ತೆಯಿಂದ ದೂರವಿಲ್ಲ. ಮಕ್ಕಳು ಆಡುವ ಐಸಿನ ಅಂಗಳದಲ್ಲಿ, ಅಂದರೆ ರಿಂಕಿನಲ್ಲಿ, ಯಾವ ಹಳೆಯ ತಾಯಿಯನ್ನು ಕೇಳಿದರೂ ಕೈ ತೋರಿಸುತ್ತಾರೆ.

ನಾವಿರುವುದು ಫ್ಲೆಮಿಂಗ್‌ಡನ್ ಪಾರ್ಕ್ ಎಂಬ ಬಡಾವಣೆಯಲ್ಲಿ. ಬಾಲ್ಕನಿಯಲ್ಲಿ ನಿಂತರೆ ನಮ್ಮಂಥವರೇ ತುಂಬಿಕೊಂಡಿರುವ ಇನ್ನೊಂದು ಎತ್ತರದ ಕಟ್ಟಡ ಕಾಣುತ್ತದೆ. ಗ್ರೆನೋಬಲ್ ಡ್ರೈವಿನಲ್ಲಿ ಆಂಜೆಲಾ ಜೇಮ್ಸ್ ಅರೀನಾ ಎಂಬ ಐಸ್ ಕ್ರೀಡಾಂಗಣ ಇದೆ. ಹಣ ಕೊಟ್ಟ ಯಾರೋ ಸಿರಿವಂತೆಯ ಹೆಸರಿರಬೇಕು ಎಂದುಕೊಂಡು ಎರಡು ವರ್ಷ ಅದರ ಮುಂದೆ ಓಡಾಡಿದ್ದೆ. ಹನ್ನೊಂದು ವರ್ಷದ ಮಗಳು ಒಂದು ದಿನ ನಗುತ್ತಾ ತಿದ್ದಿದಳು. ಆಂಜೆಲಾ ಜೇಮ್ಸ್ ಹಾಕಿ ಆಟಗಾರ್ತಿ, ಇದೇ ಬಡಾವಣೆಯಲ್ಲಿ ಬೆಳೆದವರು. ಬೇರೆ ದಾರಿಯಿಲ್ಲದೆ ಹುಡುಗರ ಜೊತೆ ಆಡಿ ಕಲಿತವರು. 1990ರಲ್ಲಿ ಒಟ್ಟಾವಾದಲ್ಲಿ ನಡೆದ ಮೊದಲ ಮಹಿಳಾ ವಿಶ್ವ ಚಾಂಪಿಯನ್‌ಶಿಪ್‌ನಲ್ಲಿ ಐದು ಪಂದ್ಯಗಳಿಗೆ 11 ಗೋಲು ಹೊಡೆದವರು. ಮಹಿಳಾ ಹಾಕಿ ಮೊದಲ ಬಾರಿಗೆ ಒಲಿಂಪಿಕ್ಸಿಗೆ ಬಂದದ್ದು 1998ರಲ್ಲಿ, ನಗಾನೊದಲ್ಲಿ. ಕೆನಡಾದ ಆ ತಂಡದಿಂದ ಆಕೆಯನ್ನೇ ಕೈಬಿಟ್ಟರು. 2010ರಲ್ಲಿ ಅಮೆರಿಕದ ಆಟಗಾರ್ತಿ ಕ್ಯಾಮಿ ಗ್ರನಾಟೊ ಜೊತೆ, ಹಾಕಿಯ ಮಹಾನ್ ಆಟಗಾರರ ಗೌರವ ಪಟ್ಟಿಯಾದ ಹಾಕಿ ಹಾಲ್ ಆಫ್ ಫೇಮಿಗೆ ಸೇರಿದರು. ಅಲ್ಲಿಯವರೆಗೆ ಅದರೊಳಗೆ ಒಬ್ಬ ಹೆಂಗಸೂ ಇರಲಿಲ್ಲ. ಹೊಟ್ಟೆಪಾಡಿಗೆ ಏನು ಮಾಡುತ್ತಿದ್ದರೆಂದು ನಾನು ಹುಡುಕಿ ನೋಡಿದೆ, ಅದು ನನ್ನ ಕಸುಬಿನ ಚಾಳಿ. ಸೆನೆಕಾ ಕಾಲೇಜಿನಲ್ಲಿ ಕ್ರೀಡಾ ವಿಭಾಗದ ನೌಕರಿ. ಹಾಕಿ ಆಡಿ ಅಲ್ಲ.

ಇನ್ನು ಸ್ಕೇಟ್ಸಿನ ವಿಷಯ. ಮಗಳು ಎಡಕ್ಕೆ ತಿರುಗುವಾಗಲೆಲ್ಲ ಬೀಳುತ್ತಿದ್ದಳು. ಬಲಕ್ಕೆ ಚೆನ್ನಾಗಿ ತಿರುಗುತ್ತಿದ್ದಳು, ಎಡಕ್ಕೆ ಹೊರಳಿದಳೋ ಕಾಲ ಕೆಳಗಿನಿಂದ ಯಾರೋ ಚಾಪೆ ಎಳೆದಂತೆ ಜಾರಿಬಿಡುತ್ತಿದ್ದಳು. ಧೈರ್ಯ ಸಾಲದು ಎಂದರು ತರಬೇತುದಾರರು. ಮಂಡಿ ಬಗ್ಗಿಸು ಎಂದರು. ರಾತ್ರಿ ಮನೆಯಲ್ಲಿ ನಾನೂ ಅದನ್ನೇ ಹೇಳಿದೆ, ಐಸಿನ ಮೇಲೆ ಒಂದು ದಿನವೂ ಕಾಲಿಟ್ಟವಳಲ್ಲ, ಆದರೂ ಹೇಳಿದೆ. ಆ ಸ್ಕೇಟ್ಸ್ ಕೊಂಡದ್ದು ದೊಡ್ಡದೊಂದು ಮಳಿಗೆಯಲ್ಲಿ, ಸಾಣೆ ಹಿಡಿಸಿದ್ದೂ ಅಲ್ಲೇ. ಬೆಳೆಯುವ ಮಗು ಎಂದು ಒಂದೂವರೆ ಸೈಜ್ ದೊಡ್ಡದನ್ನು ಆರಿಸಿದ್ದು ನಾನು. ಆ ತಪ್ಪನ್ನು ಮಳಿಗೆಯವರ ತಲೆಗೆ ಕಟ್ಟುವುದಿಲ್ಲ.

ಈ ಅಂಗಡಿಗೆ ಹೋದಾಗ ಒಡತಿ ನನ್ನತ್ತ ನೋಡಲೇ ಇಲ್ಲ. ಮಗಳನ್ನು ಬೆಂಚಿನ ಮೇಲೆ ಕೂರಿಸಿ ಕೇಳಿದರು, "ಯಾವ ಕಡೆ ಬೀಳುತ್ತೀಯ?" ಬೀಳುತ್ತೀಯಾ ಎಂದಲ್ಲ, ಯಾವ ಕಡೆ ಎಂದು. ಮಗಳು ಎಡಗೈ ಎತ್ತಿದಳು.

ಸ್ಕೇಟ್ಸನ್ನು ತಲೆಕೆಳಗಾಗಿ ಹಿಡಿದು, ಬೆಂಕಿಕಡ್ಡಿಗಿಂತ ಸ್ವಲ್ಪ ದಪ್ಪನೆಯ ಲೋಹದ ಕಡ್ಡಿಯೊಂದನ್ನು ಅಲಗಿನ ಮೇಲೆ ಅಡ್ಡಲಾಗಿಟ್ಟು ನಮಗೆ ತೋರಿಸಿದರು. ತಕ್ಕಡಿ ಒಂದು ಕಡೆ ವಾಲಿದಂತೆ ಕಡ್ಡಿ ವಾಲಿತ್ತು. ಇನ್ನೊಂದು ಕಾಲಿನದಕ್ಕೂ ಇಟ್ಟರು. ಅದೂ ಅದೇ ಕಡೆಗೇ ವಾಲಿತ್ತು.

ಸ್ಕೇಟ್ಸಿನ ಅಲಗು ಚಾಕುವಿನಂತೆ ಒಂದೇ ಅಂಚಿನದೆಂದು ನಾನು ತಿಳಿದಿದ್ದೆ, ಹಾಗಲ್ಲ. ಮೂರು ಮಿಲಿಮೀಟರಿಗೂ ತುಸು ಕಡಿಮೆ ದಪ್ಪದ ಆ ಉಕ್ಕಿನ ತಳದಲ್ಲಿ ಉದ್ದಕ್ಕೂ ಒಂದು ಸಣ್ಣ ಕಾಲುವೆ ಇರುತ್ತದೆ. ಕಾಲುವೆಯ ಎರಡು ದಂಡೆಗಳೇ ಎರಡು ಅಂಚುಗಳು. ಎಡಕ್ಕೆ ತಿರುಗುವಾಗ ಎರಡೂ ಕಾಲುಗಳ ಎಡದಂಡೆ ಐಸನ್ನು ಕಚ್ಚಬೇಕು. ಇಲ್ಲಿ ಎರಡರಲ್ಲೂ ಎಡದಂಡೆ ತಗ್ಗಾಗಿತ್ತು. ಯಂತ್ರದಲ್ಲಿ ಸ್ಕೇಟ್ಸನ್ನು ಸರಿಯಾದ ಮಟ್ಟಕ್ಕೆ ಕೂರಿಸದೆ ಉಜ್ಜಿದರೆ ಹೀಗಾಗುತ್ತದಂತೆ. ಮೂರು ತಿಂಗಳು ಮಗು ಬಿದ್ದದ್ದು ಧೈರ್ಯವಿಲ್ಲದೆ ಅಲ್ಲ. ನಾನು ಅವಳ ಮುಖ ನೋಡಿದೆ. ಅವಳು ನನ್ನ ಮುಖ ನೋಡಲಿಲ್ಲ.

ಆಮೇಲೆ ಪೆನ್ಸಿಲ್ ಪರೀಕ್ಷೆ. ಲೇಸು ಬಿಚ್ಚಿ, ಬೂಟಿನ ನಾಲಗೆಯನ್ನು ಮುಂದಕ್ಕೆಳೆದು, ಲೇಸಿನ ಮೇಲಿನ ತೂತುಗಳ ಎತ್ತರದಲ್ಲಿ ಪೆನ್ಸಿಲ್ಲನ್ನು ಅಡ್ಡ ಇಡುತ್ತಾರೆ. ಪೆನ್ಸಿಲ್ ಪಾದಕ್ಕೆ ತಾಗಿದರೆ ಬೂಟಿನ ಆಳ ಸಾಲದು, ಬೇರೆ ಆಕಾರದ್ದು ಬೇಕು. ಪೆನ್ಸಿಲ್ ತಾಗಲಿಲ್ಲ, ಆದರೆ ಹಿಮ್ಮಡಿಯ ಹಿಂದೆ ಅವರ ಬೆರಳು ಸರಾಗವಾಗಿ ಹೋಯಿತು. "ಇದರೊಳಗೆ ಇನ್ನೊಬ್ಬಳು ಕೂರಬಹುದು," ಎಂದರು. ಹಾಕಿ ಸ್ಕೇಟ್ಸ್ ನಮ್ಮ ಚಪ್ಪಲಿಯ ಅಳತೆಗಿಂತ ಒಂದು, ಒಂದೂವರೆ ಸೈಜ್ ಚಿಕ್ಕದಿರಬೇಕಂತೆ, ದೊಡ್ಡದಲ್ಲ. ಹೊಸದನ್ನು ಮಾರಿಬಿಡುತ್ತಾರೆ ಎಂದು ಪರ್ಸ್ ಗಟ್ಟಿಯಾಗಿ ಹಿಡಿದುಕೊಂಡೆ. ಹಿಂದಿನ ಕೋಣೆಯಿಂದ ಒಂದು ಹಳೆಯ ಜೊತೆ ತಂದು, ಸಣ್ಣ ಒಲೆಯಲ್ಲಿ ಬಿಸಿಮಾಡಿ, ಕಾಲಿಗೆ ಹಾಕಿ ಲೇಸು ಕಟ್ಟಿ, ಹದಿನೈದು ನಿಮಿಷ ಎದ್ದು ನಿಲ್ಲಕೂಡದು, ಅಲ್ಲಾಡಕೂಡದು ಎಂದು ಆಜ್ಞೆ ಮಾಡಿದರು. ಬೂಟು ಬಿಸಿಗೆ ಮೆತ್ತಗಾಗಿ ಪಾದದ ಆಕಾರಕ್ಕೆ ಕೂರುತ್ತದೆ. 65 ಡಾಲರ್. ನನ್ನ ದೊಡ್ಡ ಸ್ಕೇಟ್ಸನ್ನು 50ಕ್ಕೆ ತೆಗೆದುಕೊಂಡರು. ಸಾಣೆಗೆ 9. ಎಲ್ಲಕ್ಕೂ ಕೈಬರಹದ ರಸೀದಿ. ಕೂಡಿಸಿದ್ದರಲ್ಲಿ ತಪ್ಪಿರಲಿಲ್ಲ.

ಸಾಣೆ ಹಿಡಿಯುವುದನ್ನು ಮಾತ್ರ ನಿಂತು ನೋಡಬೇಕು. ಮೊದಲು ವಜ್ರದ ತುದಿಯಿಂದ ಸಾಣೆಚಕ್ರದ ಅಂಚನ್ನೇ ಕಮಾನಾಗಿ ಕೊರೆಯುತ್ತಾರೆ, ಆ ಕಮಾನಿನ ಅಚ್ಚೇ ಅಲಗಿನ ಕಾಲುವೆ. ಕಾಲುವೆಯ ಅಳತೆ ಅರ್ಧ ಇಂಚು ಎಂದರೆ ಅರ್ಧ ಇಂಚು ತ್ರಿಜ್ಯದ ವೃತ್ತದ ತುಣುಕು. ಸಂಖ್ಯೆ ಚಿಕ್ಕದಾದಷ್ಟೂ ಕಾಲುವೆ ಆಳ, ಹಿಡಿತ ಹೆಚ್ಚು, ಓಟ ಕಡಿಮೆ. ಮಗಳ ತೂಕ ಕೇಳಿ ಅರ್ಧ ಇಂಚೇ ಸಾಕು ಎಂದರು. ಅಲಗನ್ನು ಚಕ್ರಕ್ಕೆ ತಾಗಿಸಿ ಮುಂಬದಿಯಿಂದ ಹಿಮ್ಮಡಿಯವರೆಗೆ ಒಂದೇ ಉಸಿರಿನಲ್ಲಿ ಎಳೆಯುತ್ತಾರೆ. ಕಿಡಿಯ ಬಾಲ ಉದ್ದಕ್ಕೂ ಒಂದೇ ಸಮ ಇರುತ್ತದೆ. ಎಲ್ಲಾದರೂ ಕಿಡಿ ಗಿಡ್ಡವಾದರೆ ಅಲ್ಲಿ ಕೈ ಹಗುರವಾಯಿತೆಂದು ಅರ್ಥ. ಕೊನೆಗೆ ಕಲ್ಲಿನಿಂದ ಅಲಗಿನ ಪಕ್ಕದಲ್ಲಿ ಎದ್ದ ಉಕ್ಕಿನ ಸಣ್ಣ ಮುಳ್ಳುಗಳನ್ನು ತೆಗೆದು, ತಮ್ಮ ಹೆಬ್ಬೆರಳಿನ ಉಗುರನ್ನು ಅಂಚಿಗೆ ಹಗುರವಾಗಿ ಎಳೆದು ನೋಡಿದರು. ಉಗುರಿನಿಂದ ಹಿಟ್ಟಿನಂತೆ ಬಿಳಿ ಪುಡಿ ಎದ್ದಿತು. ಕಡ್ಡಿ ಇಟ್ಟರು. ವಾಲಲಿಲ್ಲ.

ಎರಡನೆಯ ಸಲ ಹೋದಾಗ ತಂಡದಲ್ಲಿ ಯಾವ ಜಾಗ ಎಂದು ಮಗಳನ್ನು ಕೇಳಿದರು. ರಕ್ಷಣೆ ಎಂದಳು. "ನಾನೂ ಅದೇ." ಎಲ್ಲಿ ಎಂದಳು ಇವಳು. "ಈಗ ಇಲ್ಲದ ಒಂದು ಲೀಗಿನಲ್ಲಿ."

ಅದು ಕೆನಡಿಯನ್ ವಿಮೆನ್ಸ್ ಹಾಕಿ ಲೀಗ್. 2007ರಲ್ಲಿ ಶುರುವಾಯಿತು. ಮೊದಲ ಹತ್ತು ವರ್ಷ ಆಟಗಾರ್ತಿಯರಿಗೆ ಸಂಬಳವೇ ಇರಲಿಲ್ಲ. ಈ ಒಡತಿ ಹಗಲು ಪಾರ್ಸೆಲ್ ಹಂಚುವ ವ್ಯಾನ್ ಓಡಿಸುತ್ತಿದ್ದರು, ರಾತ್ರಿ ಒಂಬತ್ತೂವರೆಗೆ ಅಭ್ಯಾಸ. ಬೇರೆಯವರು ಬಿಟ್ಟ ಹೊತ್ತಿನಲ್ಲಿ ಮಾತ್ರ ಐಸ್ ಸಿಗುತ್ತಿತ್ತು. ಮಾಂಟ್ರಿಯಲ್‌ನಲ್ಲಿ ಆಡಿ ಭಾನುವಾರ ನಡುರಾತ್ರಿ ಬಸ್ಸಿನಲ್ಲಿ ಮರಳಿ, ಸೋಮವಾರ ಬೆಳಿಗ್ಗೆ ಆರಕ್ಕೆ ಮತ್ತೆ ವ್ಯಾನ್. ದೂರದ ಊರುಗಳಲ್ಲಿ ಯಾರ ಸಾಣೆಯನ್ನೂ ನಂಬಲಾಗದೆ ಈ ಕೆಲಸ ಕಲಿತರಂತೆ. ಆಮೇಲೆ ಅರ್ಧ ತಂಡ ಇವರ ಮನೆಯ ನೆಲಮಾಳಿಗೆಗೆ ಬರತೊಡಗಿತು. 2017ರಲ್ಲಿ ಚೀನಾದ ಎರಡು ತಂಡಗಳು ಲೀಗಿಗೆ ಸೇರಿದವು, ಆ ಋತುವಿನಿಂದ ಸಂಭಾವನೆಯೂ ಬಂತು: ಇಡೀ ಋತುವಿಗೆ 2,000ದಿಂದ 10,000 ಕೆನಡಿಯನ್ ಡಾಲರ್. ಇವರಿಗೆ ಸಿಕ್ಕಿದ್ದು 2,500. ಪಂದ್ಯಕ್ಕಾಗಿ ಚೀನಾದ ಶೆನ್‌ಜೆನ್‌ಗೆ ಹೋಗಲು ಸಂಬಳವಿಲ್ಲದ ರಜೆ ಹಾಕಬೇಕಾಯಿತು.

ಲೆಕ್ಕಪತ್ರ ನೋಡುವುದು ನನ್ನ ಉದ್ಯೋಗ, ಅಂಕಿ ಕಿವಿಗೆ ಬಿದ್ದರೆ ಸುಮ್ಮನಿರಲಾರೆ. ಎಷ್ಟು ದಿನ ರಜೆ, ದಿನಕ್ಕೆಷ್ಟು ಕೂಲಿ ಎಂದು ಕೇಳಿದೆ. ಹೇಳಿದರು. ಕಳೆದು ನೋಡಿ, ಹಾಗಾದರೆ ಆ ವರ್ಷ ನಿಮಗೆ ಕೈಗೆ ಉಳಿದದ್ದು 1,100 ಎಂದೆ. ಚಕ್ರ ತಿರುಗುತ್ತಲೇ ಇತ್ತು, ಅವರು ಅಲಗನ್ನು ಅದಕ್ಕೆ ತಾಗಿಸಲಿಲ್ಲ. "ನಾನು ಅದನ್ನು ಯಾವತ್ತೂ ಕಳೆದು ನೋಡಿರಲಿಲ್ಲ," ಎಂದರು. ನಾಲಗೆ ಕಚ್ಚಿಕೊಂಡೆ. ಆ ದಿನ ನಮ್ಮ ನಡುವೆ ಬೇರೆ ಮಾತಾಗಲಿಲ್ಲ. ವಿಮರ್ಶೆ ಅಂಗಡಿಯದ್ದು, ಗ್ರಾಹಕಿಯದ್ದಲ್ಲ, ಆದರೂ ಇದನ್ನು ಬರೆಯದಿದ್ದರೆ ತಪ್ಪಾಗುತ್ತದೆ.

2019ರ ಮಾರ್ಚ್ 24ರಂದು ಇಲ್ಲಿಯ ಕೋಕಾ-ಕೋಲಾ ಕೊಲಿಸಿಯಮ್‌ನಲ್ಲಿ ಕ್ಲಾರ್ಕ್‌ಸನ್ ಕಪ್, ಅಂದರೆ ಆ ಲೀಗಿನ ಪ್ರಶಸ್ತಿಯ ಅಂತಿಮ ಪಂದ್ಯ ನಡೆದು, ಕ್ಯಾಲ್ಗರಿ ತಂಡ ಮಾಂಟ್ರಿಯಲನ್ನು 5-2ರಿಂದ ಸೋಲಿಸಿತು. ಒಂದು ವಾರಕ್ಕೆ, ಮಾರ್ಚ್ 31ಕ್ಕೆ, ಲೀಗನ್ನೇ ಮುಚ್ಚುತ್ತೇವೆ ಎಂಬ ಪ್ರಕಟಣೆ ಬಂತು. ಮೇ ತಿಂಗಳಲ್ಲಿ ಇನ್ನೂರು ಆಟಗಾರ್ತಿಯರು ಒಂದಾಗಿ, ಬದುಕಲು ಸಾಲುವಷ್ಟು ಕೊಡದ ಯಾವ ಲೀಗಿನಲ್ಲೂ ಈ ಋತುವಿನಲ್ಲಿ ಆಡುವುದಿಲ್ಲ ಎಂದರು. ಒಡತಿಯ ಹೆಸರೂ ಅದರಲ್ಲಿತ್ತಂತೆ. ಆಗ 33 ವರ್ಷ. ಆಮೇಲೆ ಎರಡು ವರ್ಷ ಪ್ರದರ್ಶನ ಪಂದ್ಯಗಳಿಗೆಂದು ಅಭ್ಯಾಸ ಮುಂದುವರಿಸಿ, ಒಂದು ದಿನ ನಿಲ್ಲಿಸಿದರು. ಯಾಕೆ ಆ ದಿನವೇ ಎಂದು ಮಗಳು ಕೇಳಿದ್ದಕ್ಕೆ, ಅವತ್ತು ಮಂಡಿ ನೋಯುತ್ತಿತ್ತು, ಮಳೆಯೂ ಇತ್ತು ಎಂದರು.

ಹೊಸ ಲೀಗ್, ಪ್ರೊಫೆಷನಲ್ ವಿಮೆನ್ಸ್ ಹಾಕಿ ಲೀಗ್ ಅಥವಾ ಪಿಡಬ್ಲ್ಯೂಎಚ್‌ಎಲ್, ಮೊದಲ ಪಂದ್ಯ ಆಡಿದ್ದು 2024ರ ಜನವರಿ 1ರಂದು, ಟೊರೊಂಟೊದಲ್ಲೇ. ನ್ಯೂಯಾರ್ಕ್ ತಂಡ ನಮ್ಮವರನ್ನು 4-0ಯಿಂದ ಬಡಿದುಹಾಕಿತು. ಅದೇ ವರ್ಷ ಏಪ್ರಿಲ್‌ನಲ್ಲಿ ಮಾಂಟ್ರಿಯಲ್‌ನ ಬೆಲ್ ಸೆಂಟರಿನಲ್ಲಿ 21,105 ಜನ ಕೂತು ಮಹಿಳೆಯರ ಪಂದ್ಯ ನೋಡಿದರು. ಮಗಳ ಕೋಣೆಯ ಬಾಗಿಲಲ್ಲಿರುವುದು ನಟಾಲಿ ಸ್ಪೂನರ್ ಚಿತ್ರ. ಸ್ಕಾರ್ಬರೊದ ಹುಡುಗಿ, 2022ರ ಡಿಸೆಂಬರಿನಲ್ಲಿ ಮಗನನ್ನು ಹೆತ್ತು, ಮೊದಲ ಋತುವಿನ 24 ಪಂದ್ಯಗಳಲ್ಲಿ 20 ಗೋಲು ಹೊಡೆದು ಲೀಗಿನ ಶ್ರೇಷ್ಠ ಆಟಗಾರ್ತಿಯಾದಾಕೆ. ಆಟಗಾರ್ತಿಯರ ಒಪ್ಪಂದವನ್ನು ನಾನು ಓದಿದ್ದೇನೆ: ಶುರುವಿನ ಋತುವಿಗೆ ಕನಿಷ್ಠ ಸಂಬಳ 35,000 ಅಮೆರಿಕನ್ ಡಾಲರ್, ಪ್ರತಿ ತಂಡದಲ್ಲಿ ಆರು ಮಂದಿಗಾದರೂ 80,000ಕ್ಕೆ ಕಡಿಮೆಯಿಲ್ಲ. ಕನಿಷ್ಠದವರಿಗೆ ಈ ಊರಿನ ಬಾಡಿಗೆ ಕಟ್ಟಿ ಉಳಿಯುವುದು ಅಷ್ಟಕ್ಕಷ್ಟೇ ಎಂದು ನಾನು ಒಡತಿಯ ಮುಂದೆ ಹೇಳಿದೆ, ಈ ಸಲ ಎಚ್ಚರಿಕೆಯಿಂದ, ಯಾವುದನ್ನೂ ಕಳೆಯದೆ.

ಒಡತಿಗೆ ಸಂಬಳದ ಮಾತಿನಲ್ಲಿ ಆಸಕ್ತಿ ಇರಲಿಲ್ಲ. "ಈಗಿನವರು ಹಗಲು ಹೊತ್ತು ಅಭ್ಯಾಸ ಮಾಡುತ್ತಾರೆ," ಎಂದರು. ಅಷ್ಟೇ. ಅಲಗನ್ನು ಬಟ್ಟೆಯಿಂದ ಒರೆಸಿ, ಇನ್ನೊಂದು ಮಾತು ಸೇರಿಸಿದರು: "ರಾತ್ರಿ ಊಟಕ್ಕೆ ಮನೆಯಲ್ಲಿರುತ್ತಾರೆ." ವ್ಯಾನಿನ ಸೀಟಿನಲ್ಲಿ ಕೂತು ಡಬ್ಬಿ ಬಿಚ್ಚಿ ಊಟ ಮಾಡಿದ ಹನ್ನೆರಡು ವರ್ಷ ಆ ಮಾತಿನ ಹಿಂದೆ ಇದ್ದಿರಬೇಕು. ಇದು ನನ್ನ ಊಹೆ. ಅವರು ಹೇಳಲಿಲ್ಲ.

ದೂರುಗಳೂ ಇವೆ. ಅಂಗಡಿಯಲ್ಲಿ ದೊಡ್ಡವರು ಕೂರಲು ಕುರ್ಚಿಯಿಲ್ಲ, ಇರುವ ಬೆಂಚು ಮಕ್ಕಳಿಗೆ. ಕಾರ್ಡ್ ನಡೆಯುವುದಿಲ್ಲ, ನಗದೇ ಬೇಕು. ಜನವರಿಯಲ್ಲಿ ಒಂದು ಗಂಟೆ ಕಾದಿದ್ದೇನೆ, ಮುಂದಿದ್ದ ಹುಡುಗ ಗೋಲ್ ಕಾಯುವವನಂತೆ, ಗೋಲ್ ಕಾಯುವವರ ಅಲಗಿನ ಲೆಕ್ಕವೇ ಬೇರೆಯಂತೆ, ಅದರ ಉಪನ್ಯಾಸವನ್ನೂ ಕೇಳಬೇಕಾಯಿತು. ಅಲಗಿಗೆ ಬಟ್ಟೆಯ ಕವಚ ಹಾಕದೆ ಚೀಲದಲ್ಲಿ ಹಾಗೇ ತುರುಕಿ ತಂದರೆ ಬೈಯುತ್ತಾರೆ, ಗಟ್ಟಿ ಪ್ಲಾಸ್ಟಿಕ್ಕಿನದನ್ನು ಹಾಕಿಯೇ ಮನೆಯಲ್ಲಿ ಇಟ್ಟಿದ್ದರೆ ತುಕ್ಕು ತೋರಿಸಿ ಇನ್ನೂ ಹೆಚ್ಚು ಬೈಯುತ್ತಾರೆ. ಗಟ್ಟಿಯದು ನಡೆಯಲು, ಬಟ್ಟೆಯದು ಇಡಲು. ಬೈಗುಳ ಮಕ್ಕಳಿಗಲ್ಲ, ತಂದ ತಾಯಂದಿರಿಗೆ. ಸೋಮವಾರ ರಜೆ.

ಮಗಳು ಈಗ ಎಡಕ್ಕೆ ತಿರುಗುತ್ತಾಳೆ. ಮೊದಲ ದಿನ ಹೊಸ ಅಂಚಿಗೆ ಹೆದರಿ ಅಗಲವಾಗಿ ತಿರುಗಿ ಗೋಡೆಗೆ ಹೋಗಿ ತಾಗಿದಳು. ಎರಡನೆಯ ವಾರ ಐಸಿನ ಮೇಲೆ ಸರ್ರೆಂದು ಒಂದು ಸದ್ದು ಬಂತು, ದೋಸೆಯನ್ನು ಕಾವಲಿಯಿಂದ ಎಬ್ಬಿಸುವಾಗ ಬರುತ್ತದಲ್ಲ, ಅಂಥದ್ದು. ಗಾಜಿನಾಚೆ ನಿಂತಿದ್ದ ನನಗೂ ಕೇಳಿಸಿತು. ಬೀಳುವುದು ನಿಂತಿಲ್ಲ, ಈಗ ಎರಡೂ ಕಡೆ ಸಮವಾಗಿ ಬೀಳುತ್ತಾಳೆ.

ಐದಕ್ಕೆ ನಾಲ್ಕು ನಕ್ಷತ್ರ ಕೊಡುತ್ತೇನೆ, ಒಂದನ್ನು ಕುರ್ಚಿಗೆಂದು ಕಡಿದಿದ್ದೇನೆ. ಬರೆದದ್ದನ್ನು ಮಗಳಿಗೆ ಓದಿ ಹೇಳಿದೆ. ಅವಳು ಐದೂ ಕೊಡು, ಕುರ್ಚಿ ಬೇಕಾದರೆ ಮನೆಯಿಂದ ತೆಗೆದುಕೊಂಡು ಹೋಗು ಎಂದಳು.